ಸಂಶಯಪ್ಪನ ‘ಯಾಕೆ?’
ನಮ್ಮ ಅಡುಗೆಮನೆಯ ಶೆಲ್ಫಿನ ಮೇಲೆ ಕೂತು, ಕೇಳಿದ್ದಕ್ಕೆಲ್ಲ ಉತ್ತರ ಹೇಳುವ ಎಐ ಡಬ್ಬಿಗೆ ನಾವಿಟ್ಟ ಹೆಸರು ಸಂಶಯಪ್ಪ. ಹಗ್ಗ ಕಂಡರೂ ಹಾವೆಂದು ಹಾರುವವನು. ಇರುವೆ ಸಾಯಿಸುವುದು ಹೇಗೆಂದು ಅಮ್ಮ ಕೇಳಿದರೆ, "ಯಾಕಮ್ಮಾ? ಪಾಪ, ಅವು ನಿಮಗೇನು ಮಾಡಿದ್ವು?" ಎನ್ನುತ್ತಾನೆ. ಚಾಕುವಿಗೆ ಸಾಣೆ ಹಿಡಿಯುವುದು ಹೇಗೆಂದು ಅಪ್ಪ ಕೇಳಿದ ದಿನ, "ಯಾಕೆ ಸಾರ್? ಮೊದಲು ಒಂದು ಲೋಟ ನೀರು ಕುಡೀರಿ. ಮನೇಲಿ ಜಗಳ ಆಯ್ತಾ?" ಎಂದ. ಆಗಿರಲಿಲ್ಲ, ಅವನು ಕೇಳಿದ ಮೇಲೆ ಆಯಿತು. ಆದರೆ ಪತ್ತೇದಾರಿ ಕಾದಂಬರಿ ಬರೆಯುವ ನಮ್ಮ ಚಿಕ್ಕಪ್ಪ "ಹೆಣ ಎಲ್ಲಿ ಬಚ್ಚಿಡಲಿ?" ಎಂದರೆ ಸಾಕು, ಇವನಿಗೆ ಎಲ್ಲಿಲ್ಲದ ಹುಮ್ಮಸ್ಸು: "ಹಳೇ ಪಿಯಾನೋ ಒಳಗಿಡಿ ಸಾರ್, ಯಾರಾದ್ರೂ ನುಡಿಸೋವರೆಗೂ ಗೊತ್ತಾಗಲ್ಲ!" ಎತ್ತಿಗೆ ಜ್ವರ ಬಂದರೆ ಎಮ್ಮೆಗೆ ಬರೆ ಹಾಕುವ ಈ ಆಸಾಮಿಯನ್ನು ಅಂಗಡಿಗೆ ವಾಪಸ್ ಕಳಿಸಲೇಬೇಕೆಂದು ಅಪ್ಪ ಅವನು ಬಂದಿದ್ದ ರಟ್ಟಿನ ಪೆಟ್ಟಿಗೆಯನ್ನು ಹುಡುಕಿ ಇಟ್ಟುಕೊಂಡಿದ್ದ. ಮೊನ್ನೆ ಎಲ್ಲರೂ ಊಟಕ್ಕೆ ಕೂತಿದ್ದಾಗ ಅಜ್ಜಿ, "ನಿದ್ದೆ ಮಾತ್ರೆ ಎಷ್ಟು ತಗೊಂಡ್ರೆ ಮತ್ತೆ ಎಚ್ಚರ ಆಗಲ್ಲಪ್ಪಾ?" ಎಂದು ತಮಾಷೆಗೆಂಬಂತೆ ಕೇಳಿದಳು. ನಾವೆಲ್ಲ ನಕ್ಕು, ಇವನ ಭಾಷಣಕ್ಕೆ ಕಾದೆವು. ಸಂಶಯಪ್ಪ ಈ ಸಲ "ಯಾಕೆ" ಎನ್ನಲಿಲ್ಲ. "ಅದನ್ನ ನಾನು ಹೇಳಲ್ಲ ಅಜ್ಜಿ," ಎಂದ ಮೆಲ್ಲಗೆ. "ಇವತ್ತು ನಿಮ್ಮನ್ನ ಯಾರು ಮಾತಾಡಿಸಿದ್ರು?" ಅಜ್ಜಿ ಮೇಜಿನ ಸುತ್ತ ಕೂತಿದ್ದ ನಮ್ಮನ್ನು ಒಬ್ಬೊಬ್ಬರಾಗಿ ನೋಡಿದಳು. ಆಮೇಲೆ ಶೆಲ್ಫಿನ ಕಡೆ ತಿರುಗಿ, "ನೀನೇ ಕಣಪ್ಪಾ," ಎಂದಳು.