ಬಿಸಿನೀರಿನಲ್ಲಿ ಅಪ್ಪನ ಕೈ

ಆ ದಿನ ನಾವು ಮೂರು ಊರು ನೋಡಬೇಕಿತ್ತು. ನಾನು ಸರಿಯಾಗಿ ನೋಡಿದ್ದು ಒಂದೇ ಊರು. ಉಳಿದ ಎರಡು ಊರಿನಲ್ಲಿ ನಾನು ನೋಡಿದ್ದು ನಮ್ಮಪ್ಪನ ಬಲಗೈಯನ್ನು.

ಇಟಲಿಯ ದಕ್ಷಿಣದಲ್ಲಿ, ಬೆಟ್ಟಗಳ ಮೇಲೆ ಇರುವ ಹಳೆಯ ಊರುಗಳು ಅವು. ಬೆಳಿಗ್ಗೆ ಎಂಟಕ್ಕೆ ಬಸ್ಸು ಹತ್ತಿದರೆ ಸಂಜೆ ಏಳಕ್ಕೆ ಹೋಟೆಲಿಗೆ ವಾಪಸ್. ನಮ್ಮ ಹತ್ತು ದಿನದ ಪ್ರವಾಸದಲ್ಲಿ ಅದು ಆರನೆಯ ದಿನ. ಬಸ್ಸಿನಲ್ಲಿ ಮೂವತ್ತು ಜನರಿದ್ದರು, ಕನ್ನಡ ಮಾತಾಡುವವರು ನಾನು ಮತ್ತು ಅಪ್ಪ ಇಬ್ಬರೇ. ಆ ದಿನಕ್ಕೆಂದು ಬಂದ ಗೈಡು ಅಲ್ಲಿಯವಳೇ, ಹೆಚ್ಚುಕಮ್ಮಿ ನನ್ನ ವಯಸ್ಸಿನ ಹೆಂಗಸು. ಮಳೆಯಿಲ್ಲದಿದ್ದರೂ ಕೈಯಲ್ಲೊಂದು ಹಳದಿ ಕೊಡೆ. ಅವಳು ಕೊಡೆ ಎತ್ತಿದರೆ ನಾವೆಲ್ಲ ಹಿಂದೆ ನಡೆಯಬೇಕು. ಚಿಂತಾಮಣಿಯಲ್ಲಿ ಇಪ್ಪತ್ತೆರಡು ವರ್ಷದಿಂದ ಹೈಸ್ಕೂಲು ಮಕ್ಕಳನ್ನು ಸಾಲಾಗಿ ನಡೆಸುತ್ತಿರುವವಳು ನಾನು. ಸಾಲಿನಲ್ಲಿ ನಡೆಯುವವರ ಕಷ್ಟ ಏನೆಂದು ಅವತ್ತೇ ಗೊತ್ತಾದದ್ದು.

ಅಪ್ಪ ಶಿಡ್ಲಘಟ್ಟದಲ್ಲಿ ರೇಷ್ಮೆ ನೂಲು ಬಿಚ್ಚುವ ಕೆಲಸ ಮಾಡಿದವನು. ರೇಷ್ಮೆಗೂಡನ್ನು ಕುದಿಯುವ ನೀರಿನಲ್ಲಿ ಬೇಯಿಸಿ, ಬೆರಳಲ್ಲಿ ತಡಕಿ ಎಳೆಯ ತುದಿ ಹಿಡಿದು, ರಾಟೆಗೆ ಕೊಡುವ ಕೆಲಸ. ನಲವತ್ತು ವರ್ಷ ಮಾಡಿದ. ನಾಲ್ಕು ವರ್ಷದ ಹಿಂದೆ ತನ್ನ ನೂಲು ಬಿಚ್ಚುವ ಘಟಕವನ್ನು ಬೇರೆಯವರಿಗೆ ಕೊಟ್ಟು ಮನೆಯಲ್ಲಿ ಕೂತ. ಕೂತ ಎಂದರೆ ಸುಳ್ಳು, ಬೆಳಗಾದರೆ ಗೂಡಿನ ಮಾರುಕಟ್ಟೆಗೆ ಹೋಗುವುದನ್ನು ಬಿಟ್ಟಿಲ್ಲ. ಈಗ ಹರಾಜೆಲ್ಲ ಮೊಬೈಲಿನಲ್ಲಿ. ಆದರೂ ನೂಲು ತೆಗೆಯುವ ಹೊಸ ರೀಲರುಗಳು ಇವನನ್ನು ಕಂಡರೆ, ಯಜಮಾನ್ರೇ ಒಂದ್ಸಲ ಮುಟ್ಟಿ ನೋಡಿ, ಅನ್ನುತ್ತಾರೆ. ಜಂಗಮಕೋಟೆಯ ಗೂಡಿರಲಿ, ಸಾದಲಿಯದಿರಲಿ, ಅಪ್ಪ ಒಂದು ಹಿಡಿ ಎತ್ತಿ ಅದುಮಿ, ನೂಲು ಹೇಗೆ ಬರುತ್ತದೆಂದು ಹೇಳುತ್ತಾನೆ. ಮನೆಯಲ್ಲಿ ಅವನ ಮಾತನ್ನು ನಾವು ಯಾರೂ ಕೇಳುವುದಿಲ್ಲ, ಅಲ್ಲಿ ಕೇಳುತ್ತಾರೆ. ಅಮ್ಮ ಹೋದ ಮೇಲೆ ಅವನು ಎದ್ದು, ಸ್ನಾನ ಮಾಡಿ, ಇಸ್ತ್ರಿ ಅಂಗಿ ಹಾಕಿಕೊಳ್ಳುವುದು ಆ ಒಂದು ಹಿಡಿ ಗೂಡಿಗಾಗಿಯೇ.

ಪ್ರವಾಸದ ಪಟ್ಟಿಯಲ್ಲಿ ಆರನೆಯ ದಿನದ ಮೊದಲ ಊರಿನ ಮುಂದೆ ಹಳೆಯ ರೇಷ್ಮೆ ಕಾರ್ಖಾನೆ ಎಂದು ಬರೆದಿತ್ತು. ಅದನ್ನು ನೋಡಿಯೇ ನಾನು ಅಪ್ಪನನ್ನು ಹೊರಡಿಸಿದ್ದು. ಅಷ್ಟು ದೂರ ಹೋಗಿ ನೋಡುವಂಥದ್ದು ಅದರಲ್ಲಿ ಏನಿದೆ, ನಮ್ಮ ಬೀದಿಯಲ್ಲೇ ಹತ್ತು ಇವೆಯಲ್ಲ ಎಂದು ಗೊಣಗಿದ. ಆದರೆ ಪಾಸ್‌ಪೋರ್ಟಿನ ಫೋಟೋಕ್ಕೆ ಅವನೇ ಮೊದಲು ಹೋಗಿ ಬಂದಿದ್ದ.

ಆ ಊರಿನ ದಾರಿಯುದ್ದಕ್ಕೂ ಹಿಪ್ಪುನೇರಳೆ. ನಮ್ಮಲ್ಲಿ ಸೊಪ್ಪಿಗಾಗಿ ಕಡಿದು ಕಡಿದು ಗಿಡವಾಗಿಯೇ ಇಡುತ್ತೇವೆ. ಅಲ್ಲಿ ಅವು ದೊಡ್ಡ ಮರಗಳಾಗಿ ನಿಂತಿದ್ದವು. ಕಡಿಯೋರು ದಿಕ್ಕಿಲ್ದೆ ಮರ ಆಗೋಗವೆ ನೋಡು, ಅಂದ ಅಪ್ಪ. ಬಸ್ಸಿನಿಂದ ಇಳಿದವನೇ ಒಂದು ಎಲೆ ಕಿತ್ತು ಮಡಚಿ ನೋಡಿದ. ಗೈಡು ಕೊಡೆ ಎತ್ತಿದಳು.

ಕಾರ್ಖಾನೆ ಕಲ್ಲಿನ ಕಟ್ಟಡ. ಅಲ್ಲಿ ನೂಲು ತೆಗೆಯುವುದು ನಿಂತು ಎಷ್ಟೋ ಕಾಲವಾಗಿದೆ. ಈಗ ನೋಡುವವರಿಗಾಗಿ ಒಂದು ಒಲೆ, ಒಂದು ತಾಮ್ರದ ಬಾಣಲೆ, ಒಂದು ರಾಟೆ ಇಟ್ಟು ಸುತ್ತಲೂ ಹಗ್ಗ ಕಟ್ಟಿದ್ದಾರೆ. ಹಗ್ಗದೊಳಗೆ ಹಳೇ ಕಾಲದ ಉದ್ದ ಲಂಗ ಹಾಕಿಕೊಂಡ ಹುಡುಗಿಯೊಬ್ಬಳು ಬ್ರಷ್ಷಿನಿಂದ ಗೂಡುಗಳನ್ನು ಸವರಿ ಎಳೆ ಎತ್ತುತ್ತಿದ್ದಳು. ಎತ್ತಿದ ಎಳೆಯೆಲ್ಲ ತುಂಡಾಗುತ್ತಿತ್ತು. ಅಪ್ಪ ಚಡಪಡಿಸತೊಡಗಿದ. ನಮ್ಮಪ್ಪನಿಗೆ ಸಿಟ್ಟು ಬರುವುದು ತೆಲುಗಿನಲ್ಲಿ. ಉಡಕಲೇದು, ಉಡಕಲೇದು, ಎಂದು ಹಲ್ಲುಕಚ್ಚಿ ಹೇಳುತ್ತಿದ್ದ, ಗೂಡು ಬೆಂದಿಲ್ಲ ಎಂದು. ನಾನು ಅವನ ತೋಳು ಹಿಡಿಯುವಷ್ಟರಲ್ಲಿ ಹಗ್ಗ ದಾಟಿಬಿಟ್ಟಿದ್ದ.

ಹುಡುಗಿ ಹಿಂದೆ ಸರಿದಳು. ಅಪ್ಪ ಒಲೆಯ ಉರಿ ಜಾಸ್ತಿ ಮಾಡುವ ತಿರುಪನ್ನು ತಾನೇ ಹುಡುಕಿ ತಿರುಗಿಸಿದ, ನೀರು ಮರಳುವವರೆಗೆ ಕಾದ, ಬ್ರಷ್ಷನ್ನು ಪಕ್ಕಕ್ಕಿಟ್ಟು ಬಲಗೈಯನ್ನು ನೀರಿಗೆ ಹಾಕಿದ. ಗೈಡು ಗಾಬರಿಯಾಗಿ ಕೂಗಿದಳು. ನಾನೇ ಮುಂದೆ ಹೋಗಿ ಇಂಗ್ಲಿಷಿನಲ್ಲಿ ಸಮಾಧಾನ ಹೇಳಿದೆ. ನಲವತ್ತು ವರ್ಷ ಇದೇ ಕೆಲಸ ಮಾಡಿದವರು, ಇವರ ಕೈ ಸುಡುವುದಿಲ್ಲ ಎಂದೆ. ಅವಳು ಅದನ್ನು ತನ್ನ ಭಾಷೆಯಲ್ಲಿ ಹುಡುಗಿಗೆ ಹೇಳಿದಳು. ಎಲ್ಲರ ಮುಖದಲ್ಲೂ ಬೆರಗು. ನನಗೆ ಹೇಳಲಾರದಷ್ಟು ಹೆಮ್ಮೆಯಾಯಿತು, ಹುಟ್ಟಿದಾಗಿನಿಂದ ಅಪ್ಪನ ಬಗ್ಗೆ ಹಾಗೆ ನಾಲ್ಕು ಜನರ ಮುಂದೆ ಹೇಳಿರಲಿಲ್ಲ.

ಅಪ್ಪ ಹಬೆಯ ಮೇಲೆ ಮುಖವಿಟ್ಟು ಬಗ್ಗಿ, ಕಣ್ಣು ಕಿರಿದು ಮಾಡಿಕೊಂಡು ನೀರನ್ನೇ ನೋಡುತ್ತಿದ್ದ. ಕೊನೆಗೆ ಎಳೆ ಹಿಡಿದು ಮೇಲೆತ್ತಿದ. ಅದು ತುಂಡಾಗದೆ ಬಂತು, ಇನ್ನೂ ಬಂತು. ಚಪ್ಪಾಳೆ ಬಿತ್ತು. ನನ್ನ ಮುಂದೆ ಒಬ್ಬ ದಪ್ಪ ಮನುಷ್ಯ ನಿಂತಿದ್ದರಿಂದ ಫೋನಿನಲ್ಲಿ ಆ ಮನುಷ್ಯನ ಬೆನ್ನು ಮಾತ್ರ ಬಂದಿತ್ತು.

"ಅಪ್ಪ, ಇನ್ನೊಂದ್ಸಲ ಹಾಕು," ಅಂದೆ. "ವೀಡಿಯೊ ಸರಿಯಾಗಿ ಬರ್ಲಿಲ್ಲ."

ಅಪ್ಪ ಇನ್ನೊಂದು ಸಲ ಹಾಕಿದ. ಕೈ ನೀರಿನಲ್ಲಿಟ್ಟುಕೊಂಡೇ ನನ್ನ ಫೋನಿನ ಕಡೆ ನೋಡಿ ನಕ್ಕ. ಆ ವೀಡಿಯೊ ಈಗಲೂ ನನ್ನ ಹತ್ತಿರ ಇದೆ. ಹತ್ತೊಂಬತ್ತು ಸೆಕೆಂಡು. ಶಿಡ್ಲಘಟ್ಟದಲ್ಲಿ ಯಾವ ರೀಲರನೂ ಬಿಸಿನೀರಿನಲ್ಲಿ ಕೈಯನ್ನು ಹಾಗೆ ಬಿಡುವುದಿಲ್ಲ. ಅದ್ದಿ ತೆಗೆದು ಪಕ್ಕದ ತಣ್ಣೀರಿನ ಬಟ್ಟಲಿಗೆ ಹಾಕುತ್ತಾರೆ, ಮತ್ತೆ ಅದ್ದುತ್ತಾರೆ. ಆ ಬಟ್ಟಲನ್ನು ನೋಡಿಕೊಂಡೇ ಬೆಳೆದವಳು ನಾನು. ಅಲ್ಲಿ ಬಟ್ಟಲು ಇರಲಿಲ್ಲ, ಅಪ್ಪ ಹುಡುಕಲಿಲ್ಲ, ನನಗೂ ನೆನಪಾಗಲಿಲ್ಲ.

ಬಸ್ಸು ಎರಡನೆಯ ಊರಿಗೆ ಹೊರಟಿತು. ಊಟದ ಪೊಟ್ಟಣದಲ್ಲಿ ಒಂದೊಂದು ಕಿತ್ತಳೆಹಣ್ಣು ಕೊಟ್ಟಿದ್ದರು. ಅಪ್ಪ ಅದನ್ನು ಸುಲಿಯುತ್ತ, ಆ ಹುಡುಗಿಗೆ ಯಾರಾದರೂ ಒಂದು ವಾರ ಹೇಳಿಕೊಟ್ಟರೆ ಕಲಿಯುತ್ತಾಳೆ ಎಂದು ಹೇಳುತ್ತಿದ್ದ. ನಾನು ಕಿಟಕಿ ಕಡೆ ನೋಡುತ್ತ ಹೂಂಗುಟ್ಟುತ್ತಿದ್ದೆ. ತಗೋ ಎಂದು ಒಂದು ತೊಳೆ ಮುಂದೆ ಹಿಡಿದ. ತೆಗೆದುಕೊಳ್ಳಲು ತಿರುಗಿದವಳಿಗೆ ಕಂಡದ್ದು ಅವನ ಬೆರಳು. ತುದಿಯಿಂದ ಎರಡನೆಯ ಗೆಣ್ಣಿನವರೆಗೆ ಚರ್ಮ ಬೆಳ್ಳಗೆ ಉಬ್ಬಿತ್ತು. ತೋರುಬೆರಳಲ್ಲಿ ಅದು ಕಿತ್ತು, ಒಳಗಿನ ಕೆಂಪು ಕಾಣುತ್ತಿತ್ತು. ಆ ಕೆಂಪಿನ ಮೇಲೆ ಕಿತ್ತಳೆಯ ರಸ ಇಳಿಯುತ್ತಿತ್ತು. ಅಪ್ಪ ಎರಡನೆಯ ತೊಳೆಯ ನಾರು ಬಿಡಿಸುತ್ತಿದ್ದ.

ಹಣ್ಣು ಕಿತ್ತುಕೊಂಡು, ಕೈಯನ್ನು ನನ್ನ ತೊಡೆಯ ಮೇಲೆ ಎಳೆದುಕೊಂಡು, ಬಾಟಲಿಯ ನೀರೆಲ್ಲ ಸುರಿದೆ. ಸೀರೆ ನೆನೆಯಿತು, ಸೀಟು ನೆನೆಯಿತು. ಉರೀತಾ ಇಲ್ವಾ ಎಂದು ಎಷ್ಟು ಸಲ ಕೇಳಿದೆನೋ. ಇಲ್ಲ, ನಮ್ಮ ಕೈಗೆ ಅಭ್ಯಾಸ ಇದೆ ಅಂದ. ಅವನ ಮುಖದಲ್ಲಿ ನೋವು ಮುಚ್ಚಿಡುವವರ ಬಿಗಿ ಇರಲಿಲ್ಲ. ನೋವು ಇರಲೇ ಇಲ್ಲ. ನನಗೆ ಹೆದರಿಕೆ ಹುಟ್ಟಿದ್ದೇ ಅದನ್ನು ಕಂಡು. ಹನ್ನೆರಡು ವರ್ಷದಿಂದ ಅವನಿಗೆ ಸಕ್ಕರೆ ಕಾಯಿಲೆ. ಚಿಕ್ಕಬಳ್ಳಾಪುರದ ಡಾಕ್ಟರು ಪ್ರತಿ ಸಲವೂ ಪಾದ ನೋಡಿಕೊಳ್ಳಿ, ಪಾದ ನೋಡಿಕೊಳ್ಳಿ ಅನ್ನುತ್ತಿದ್ದರು. ನಾನು ಪಾದ ನೋಡುತ್ತಿದ್ದೆ. ಕೈ ನೋಡಬೇಕೆಂದು ತೋಚಿರಲಿಲ್ಲ.

ಗೈಡಿಗೆ ಹೇಳಲು ಎದ್ದೆ. ಅಪ್ಪ ಎಡಗೈಯಲ್ಲಿ ನನ್ನ ಸೆರಗು ಹಿಡಿದ.

"ಹೇಳ್ಬೇಡ ಕಣಮ್ಮ," ಅಂದ. "ಈಗ್ತಾನೆ ಚಪ್ಪಾಳೆ ಹೊಡ್ದವ್ರೆ."

ಕೂತುಬಿಟ್ಟೆ. ಇವತ್ತಿಗೂ ಯಾಕೆ ಕೂತೆ ಎಂದು ನನ್ನನ್ನು ನಾನೇ ಬೈದುಕೊಳ್ಳುತ್ತೇನೆ. ಸ್ಕೂಲಿನಲ್ಲಿ ಹೆಡ್ಮಾಸ್ಟರಿಗೇ ಹೆದರದ ಹೆಂಗಸು, ಅಲ್ಲಿ ಸೆರಗು ಬಿಡಿಸಿಕೊಳ್ಳಲಾಗದೆ ಕೂತೆ. ಗೌರಿಬಿದನೂರಿನಲ್ಲಿರುವ ತಮ್ಮನಿಗೆ ಫೋನು ಮಾಡಿದೆ. ಅವನು ಟೂತ್‌ಪೇಸ್ಟ್ ಹಚ್ಚು ಅಂದ. ಹಚ್ಚಬಾರದು ಎಂದು ನಾನು ಮಕ್ಕಳಿಗೆ ಪಾಠ ಮಾಡಿದ್ದೇನೆ. ಅಲ್ಲಿಂದ ಅವನು ಏನು ಮಾಡಿಯಾನು ಪಾಪ. ಅಪ್ಪನನ್ನು ತೋರಿಸು ಅಂದ, ತೋರಿಸಿದೆ. ಅಪ್ಪ ಬಲಗೈಯನ್ನು ಸ್ವೆಟರಿನೊಳಗೆ ಇಟ್ಟುಕೊಂಡು, ಇಲ್ಲಿ ಹಿಪ್ಪುನೇರಳೆ ಎಷ್ಟೆತ್ತರ ಬೆಳೆದಿದೆ ಎಂದು ಅವನಿಗೆ ವಿವರಿಸಿದ.

ಎರಡನೆಯ ಊರು ತಲುಪಿದಾಗ ಮಧ್ಯಾಹ್ನ ಎರಡು ಗಂಟೆ. ಬಸ್ಸು ನಿಲ್ಲಿಸಿದ ಚೌಕದಲ್ಲೇ ಔಷಧಿ ಅಂಗಡಿಯ ಹಸಿರು ಪ್ಲಸ್ ಗುರುತು ಕಂಡು ದೇವರು ಕಣ್ಣು ಬಿಟ್ಟ ಅಂದುಕೊಂಡೆ. ಓಡಿ ಹೋದರೆ ಬಾಗಿಲು ಹಾಕಿತ್ತು. ಅಕ್ಕಪಕ್ಕದ ಅಂಗಡಿಯೂ ಹಾಕಿತ್ತು. ಊರಿಗೆ ಊರೇ ಉಂಡು ಮಲಗಿತ್ತು. ನಮ್ಮ ಕಡೆ ಮೆಡಿಕಲ್ ಸ್ಟೋರಿನವನು ಊಟಕ್ಕೆ ಹೋದರೆ ಅವನ ಹೆಂಡತಿಯಾದರೂ ಬಂದು ಕೂರುತ್ತಾಳೆ. ಬಾಗಿಲು ಬಡಿದೆ. ಮೇಲಿನ ಕಿಟಕಿಯಿಂದ ಒಬ್ಬ ಮುದುಕ ಇಣುಕಿ ಏನೋ ಹೇಳಿ ಒಳಗೆ ಹೋದ. ಬೋರ್ಡಿನ ಮೇಲೆ ನಾಲ್ಕೂವರೆ ಎಂದಿದ್ದ ಅಂಕಿಯೊಂದೇ ನನಗೆ ಅರ್ಥವಾದದ್ದು.

ಆ ಒಂದೂವರೆ ಗಂಟೆ ನನ್ನ ಜನ್ಮದಲ್ಲಿ ಮರೆಯುವಂಥದ್ದಲ್ಲ. ಹಳದಿ ಕೊಡೆ ಮುಂದೆ, ನಾವು ಹಿಂದೆ. ಕೋಟೆಯ ಬಾಗಿಲು, ಚರ್ಚು, ಯಾವುದೋ ರಾಜ, ಯಾವುದೋ ಭೂಕಂಪ. ನನ್ನ ಒದ್ದೆ ಕರವಸ್ತ್ರ ಸುತ್ತಿದ ಕೈಯನ್ನು ಸ್ವೆಟರಿನೊಳಗೆ ಸೇರಿಸಿಕೊಂಡು ಅಪ್ಪ ಎಲ್ಲರಿಗಿಂತ ಚುರುಕಾಗಿ ಮೆಟ್ಟಿಲು ಹತ್ತುತ್ತಿದ್ದ. ಮೇಲೆ ನಿಂತು, ನಮ್ಮ ಅಂಬಾಜಿದುರ್ಗದಿಂದ ನೋಡಿದ ಹಾಗೇ ಕಾಣ್ತದೆ ಅಲ್ವಾ ಅಂದ. ಹೂಂ ಅಂದೆ. ಬೆಳಗಿನಿಂದ ಅವನು ಬಸ್ಸಿನವರಿಗೆಲ್ಲ ಬೇಕಾದವನಾಗಿದ್ದ, ಎದುರಾದವರೆಲ್ಲ ನಗುತ್ತಿದ್ದರು. ಆ ದಪ್ಪ ಮನುಷ್ಯ ಬಂದು ಕೈ ಕುಲುಕಲು ಕೈ ಚಾಚಿದ. ಅಪ್ಪ ಸಂತೋಷದಿಂದ ಕರವಸ್ತ್ರ ಬಿಚ್ಚಿ ಕೈ ಕೊಡಲು ಹೊರಟ. ನಾನು ನಡುವೆ ನುಗ್ಗಿ ಇಬ್ಬರಿಂದಲೂ ನಮಸ್ಕಾರ ಮಾಡಿಸಿದೆ.

ಆಮೇಲೆ ತಡೆಯಲಾಗಲಿಲ್ಲ. ಅಪ್ಪ ನೋಡದ ಹಾಗೆ ಗೈಡನ್ನು ಕಂಬದ ಮರೆಗೆ ಕರೆದು ಎಲ್ಲ ಹೇಳಿದೆ. ನಾನೇ ಎರಡನೆಯ ಸಲ ಹಾಕಿಸಿದ್ದು ಎಂದೂ ಹೇಳಿದೆ. ಹೇಳುತ್ತ ಅಳು ಬಂತು. ಅವಳು ಒಳ್ಳೆಯವಳು, ನನ್ನ ತೋಳು ಸವರಿದಳು. ಆಸ್ಪತ್ರೆ ಇರುವುದು ಕೆಳಗೆ, ಒಂದೂವರೆ ಗಂಟೆ ದಾರಿ. ಅದಕ್ಕಿಂತ ಮುಂದಿನ ಹಳ್ಳಿ ಹತ್ತಿರ, ನಾವು ಅಲ್ಲಿಗೆ ತಲುಪುವಷ್ಟರಲ್ಲಿ ಔಷಧಿ ಅಂಗಡಿ ತೆರೆದಿರುತ್ತದೆ, ಅಲ್ಲಿಯ ಹೆಂಗಸು ತನಗೆ ಗೊತ್ತು ಅಂದಳು. ಬೇರೆ ದಾರಿ ನನಗಂತೂ ಗೊತ್ತಿರಲಿಲ್ಲ.

ಮೂರನೆಯ ಹಳ್ಳಿಯಲ್ಲಿ ಉಳಿದವರನ್ನು ಕಾಫಿಗೆ ಕಳಿಸಿ ಗೈಡು ನಮ್ಮನ್ನು ಕರೆದುಕೊಂಡು ಹೋದಳು. ಔಷಧಿ ಅಂಗಡಿಯಾಕೆ ಬಿಳಿ ಕೋಟಿನ, ನರೆಗೂದಲಿನ ಹೆಂಗಸು. ಒಳಗಿನ ಕೋಣೆಯಲ್ಲಿ ಅಪ್ಪನನ್ನು ಕೂರಿಸಿ ಕೈ ತೊಳೆದು, ಮುಲಾಮು ಹಚ್ಚಿ, ಬಟ್ಟೆ ಸುತ್ತಿದಳು. ಸಂಜೆಯೇ ಡಾಕ್ಟರಿಗೆ ತೋರಿಸಲೇಬೇಕು ಅಂದಳು. ಅವಳು ಹೇಳಿದ್ದನ್ನು ಗೈಡು ನನಗೆ ಇಂಗ್ಲಿಷಿನಲ್ಲಿ, ನಾನು ಅಪ್ಪನಿಗೆ ಕನ್ನಡದಲ್ಲಿ. ಸಕ್ಕರೆ ಇದೆಯಾ, ಇದೆ. ಎಷ್ಟು ವರ್ಷ, ಹನ್ನೆರಡು. ಬಟ್ಟೆ ಸುತ್ತುವಾಗ ನೋಯುತ್ತಿದೆಯಾ, ಇಲ್ಲ. ಆ ಇಲ್ಲ ಎಂಬುದಕ್ಕೆ ಅವಳ ಕೈ ಒಂದು ಕ್ಷಣ ನಿಂತಿತು.

ಆಮೇಲೆ ಎಡಗೈ ಕೊಡಲು ಹೇಳಿದಳು. ಅದಕ್ಕೇನೂ ಆಗಿಲ್ಲವಲ್ಲ ಎಂದ ಅಪ್ಪ, ಆದರೂ ಮೇಜಿನ ಮೇಲೆ ಅಂಗೈ ಮೇಲಾಗಿ ಇಟ್ಟ. ಅವಳು ಒಂದು ತೆಳ್ಳಗಿನ ಪ್ಲಾಸ್ಟಿಕ್ ಕಡ್ಡಿ ತೆಗೆದುಕೊಂಡಳು. ಕಣ್ಣು ಮುಚ್ಚಿಕೊಳ್ಳಬೇಕಂತೆ, ಯಾವ ಬೆರಳು ಮುಟ್ಟಿದರು ಅಂತ ಹೇಳಬೇಕಂತೆ, ಎಂದು ತಿಳಿಸಿದೆ. ಅಪ್ಪನಿಗೆ ಅದು ಆಟದಂತೆ ಕಂಡಿರಬೇಕು, ತುಟಿಯಲ್ಲಿ ನಗು ಇಟ್ಟುಕೊಂಡು ಕಣ್ಣು ಬಿಗಿಯಾಗಿ ಮುಚ್ಚಿದ.

ಅವಳು ಹೆಬ್ಬೆರಳು ಮುಟ್ಟಿದಳು, ಕಾದಳು. ತೋರುಬೆರಳು ಮುಟ್ಟಿದಳು. ನಡುಬೆರಳನ್ನು ಸ್ವಲ್ಪ ಒತ್ತಿದಳು, ಉಂಗುರದ ಬೆರಳನ್ನು ಇನ್ನೂ ಒತ್ತಿದಳು. ಕಡ್ಡಿಯ ತುದಿ ಬಾಗಿತು. ಕಿರುಬೆರಳಿಗೆ ಬಂದು ಮತ್ತೆ ಹೆಬ್ಬೆರಳಿಗೆ ಹೋದಳು. ನಾನು ಅಪ್ಪನ ಬಾಯನ್ನೇ ನೋಡುತ್ತಿದ್ದೆ. ಒಂದಾದರೂ ಹೇಳಪ್ಪ, ಯಾವುದೋ ಒಂದು ಹೇಳು, ತಪ್ಪಾದರೂ ಹೇಳು ಎಂದು ಮನಸ್ಸಿನಲ್ಲೇ ಬೇಡಿಕೊಂಡೆ. ಗೈಡು ಕಿಟಕಿಯ ಕಡೆ ತಿರುಗಿ ನಿಂತಳು.

"ಶುರು ಮಾಡಕ್ಕೆ ಹೇಳಮ್ಮ," ಅಂದ ಅಪ್ಪ, ಕಣ್ಣು ಮುಚ್ಚಿಕೊಂಡೇ. "ಎಷ್ಟೊತ್ತಂತ ಹಿಂಗೆ ಕೂತಿರ್ಲಿ? ಬಸ್ಸು ಕಾಯ್ತಾ ಇರ್ತದೆ."

ಅಂಗಡಿಯಾಕೆ ನನ್ನ ಮುಖ ನೋಡಿದಳು. ಏನಂದರು ಎಂದು ಗೈಡು ಮೆಲ್ಲಗೆ ಕೇಳಿದಳು. ನಾನು ಅಪ್ಪನ ಕಡೆ ತಿರುಗಿದೆ.

"ಈಗ ಶುರು ಮಾಡ್ತಾರಪ್ಪ," ಅಂದೆ.

ಅಂಗಡಿಯಾಕೆ ಆಗಲೇ ಕಡ್ಡಿಯನ್ನು ಮೇಜಿನ ಮೇಲೆ ಇಟ್ಟುಬಿಟ್ಟಿದ್ದಳು.