ತಿಪ್ಪವ್ವನ ಮಗಳ ಹೆಸರು

ಮುಂಬೈಯ ಮುನಿಸಿಪಾಲಿಟಿ ಕನ್ನಡ ಶಾಲೆಯಲ್ಲಿ ಕೂದಲು ಹಣ್ಣಾಗುವ ತನಕ ಹಾಜರಿ ಕೂಗಿದವಳು ನಾನು. ಹೆಸರುಗಳ ವಿಷಯದಲ್ಲಿ ನನ್ನನ್ನು ಬೆಚ್ಚಿಬೀಳಿಸುವುದು ಸುಲಭವಲ್ಲ. ಟಿ.ವಿ. ಧಾರಾವಾಹಿ ಬದಲಾದಂತೆ ವರ್ಷಕ್ಕೊಂದು ಹೊಸ ಹೆಸರಿನ ಹಿಂಡೇ ಬರುತ್ತಿತ್ತು, ಎಲ್ಲವನ್ನೂ ನುಂಗಿಕೊಂಡಿದ್ದೆ. ಆದರೆ ಒಂದು ಜೂನ್‌ನಲ್ಲಿ ಧಾರಾವಿಯಿಂದ ಒಂದನೆಯ ತರಗತಿಗೆ ಸೇರಲು ಬಂದ ಹುಡುಗಿ, ಎಣ್ಣೆ ಹಚ್ಚಿ ಎರಡು ಜಡೆ ಬಿಗಿದವಳು, ತನ್ನ ಹೆಸರು ದೆಸಿರೆ ಎಂದಾಗ ತಡೆಯಲಾಗಲಿಲ್ಲ. ಇದೇನು ಹೆಸರೋ ಮಾತ್ರೆಯೋ ಎಂದು ಅವಳ ಅಮ್ಮನನ್ನು ಕೇಳಿಯೇಬಿಟ್ಟೆ. ನಾನು ಉಡುಪಿ ಕಡೆಯವಳು, ಬಾಯಿಗೆ ಬಂದದ್ದನ್ನು ಆಡಿ ಮುಗಿಸದೆ ನನಗೆ ಸಮಾಧಾನವಿಲ್ಲ.

ಅಮ್ಮ ಬಾಯಿ ತೆರೆಯುವ ಮೊದಲೇ ಹುಡುಗಿ ಉತ್ತರ ಕೊಟ್ಟಳು.

“ದೆಸಿರೆ ಅಂದ್ರ ಬೇಕಾದಾಕಿ ರೀ ಟೀಚರ್. ನಾ ಬೇಕಾಗಿ ಹುಟ್ಟಿದಾಕಿ.”

ಇದನ್ನು ಅವಳು ಬಹಳ ಸಲ ಹೇಳಿರಬೇಕು, ಅಷ್ಟು ಸರಾಗವಾಗಿತ್ತು. ನಾನು ಅಮ್ಮನ ಹೆಸರು ಕೇಳಿದೆ. ಅವಳು ಸೆರಗು ಸರಿಮಾಡಿಕೊಂಡು ತಿಪ್ಪವ್ವ ಎಂದಳು. ಆಗ ನನಗೆ ಅರ್ಧ ಕತೆ ತಾನಾಗಿ ತಿಳಿಯಿತು. ಉಳಿದರ್ಧವನ್ನು ಮುಂದಿನ ವರ್ಷಗಳಲ್ಲಿ ಅವಳೇ ಶಾಲೆಯ ಗೇಟಿನ ಬಳಿ ನಿಂತು ಸ್ವಲ್ಪ ಸ್ವಲ್ಪವಾಗಿ ಹೇಳಿದಳು.

ಉತ್ತರ ಕರ್ನಾಟಕದ ಹಳ್ಳಿಗಳಲ್ಲಿ ಒಂದು ಪದ್ಧತಿಯಿದೆ. ಹುಟ್ಟಿದ ಮಕ್ಕಳು ಒಂದರ ಹಿಂದೊಂದು ತೀರಿಕೊಂಡರೆ, ಮುಂದಿನ ಕೂಸನ್ನು ತಾಯಿ ಮೊರದಲ್ಲಿ ಹಾಕಿಕೊಂಡು ಹೋಗಿ ತಿಪ್ಪೆಯ ಮೇಲೆ ಇಟ್ಟು ಬರುತ್ತಾಳೆ. ಯಾರೋ ಎಸೆದ ಕೂಸು ಸಿಕ್ಕಿತೆಂಬಂತೆ ನೆರೆಯವಳು ಅದನ್ನು ಎತ್ತಿಕೊಳ್ಳುತ್ತಾಳೆ. ತಾಯಿ ಒಂದು ಹಿಡಿ ಜೋಳ ಕೊಟ್ಟು ಮರಳಿ ಕೊಳ್ಳುತ್ತಾಳೆ. ಆಮೇಲೆ ತಿಪ್ಪವ್ವ, ಕಲ್ಲವ್ವ ಎಂದು ಯಾರಿಗೂ ಬೇಡವಾದ ಹೆಸರು. ಇದು ಕಸ, ಇದರ ಮೇಲೆ ಯಾರಿಗೂ ಆಸೆಯಿಲ್ಲ ಎಂದು ಸಾವಿಗೆ ತೋರಿಸುವ ನಾಟಕ. ನಮ್ಮ ತಿಪ್ಪವ್ವ ಹಾಗೆ ಉಳಿದವಳು. ಅವಳಿಗಿಂತ ಮುಂಚಿನ ಯಾವ ಮಗುವೂ ಉಳಿದಿರಲಿಲ್ಲ. ಉಳಿದಳು ನಿಜ, ಆದರೆ ಶಾಲೆಯಲ್ಲಿ ಪಕ್ಕದ ಮಕ್ಕಳು ಮೂಗು ಮುಚ್ಚಿಕೊಳ್ಳುತ್ತಿದ್ದುದನ್ನು ಮರೆಯಲಿಲ್ಲ. ಮದುವೆಯಲ್ಲಿ ಹೆಸರು ಬದಲಿಸುತ್ತಾರೆಂದು ಕಾದಿದ್ದಳಂತೆ. ಹೆಸರು ಬದಲಿಸಿದರೆ ಆಯುಷ್ಯ ಕಡಿಮೆಯಾದೀತೆಂದು ಅತ್ತೆ ನೀಲಾಬಾಯಿಯೇ ಬೇಡವೆಂದಳು. ಸೊಸೆಯ ಮೇಲಿನ ಪ್ರೀತಿಯಿಂದಲೇ ಹಾಗೆಂದದ್ದು, ಅದೂ ನಿಜ.

ಗಂಡ ಗುರುಪಾದ ಇಂಡಿ ತಾಲ್ಲೂಕಿನವನು, ಧಾರಾವಿಯ ಒಂದು ಕಾರಖಾನೆಯಲ್ಲಿ ಚರ್ಮದ ಚೀಲ ಹೊಲಿಯುತ್ತಾನೆ. ಮಾತು ಕಡಿಮೆ, ಕೆಲಸ ಅಚ್ಚುಕಟ್ಟು. ಮೊದಲು ಹುಟ್ಟಿದ ಗಂಡು ಹಾಲು ಕುಡಿಯುವಾಗಲೇ ಹೋಯಿತು. ಎರಡನೆಯದು ಹೆಣ್ಣು, ತೆವಳಲು ಕಲಿಯುತ್ತಿದ್ದಾಗ ಹೋಯಿತು. ಮೂರನೆಯ ಸಲ ತಿಪ್ಪವ್ವ ಬಸಿರಾದಾಗ ನೀಲಾಬಾಯಿ ಊರಿನಿಂದ ಜೋಳದ ಗಂಟಿನ ಜೊತೆ ಒಂದು ಹೊಸ ಮೊರವನ್ನೂ ತಂದಳು. ಮೊರ ಯಾಕೆ ಬಂದಿದೆಯೆಂದು ತಿಪ್ಪವ್ವನಿಗೆ ಯಾರೂ ಹೇಳಬೇಕಾಗಿರಲಿಲ್ಲ.

ಆ ದಿನಗಳಲ್ಲಿ ಅವಳು ಮಾಹಿಮ್‌ನಿಂದ ಲೋಕಲ್ ರೈಲು ಹಿಡಿದು ಅಂಧೇರಿಗೆ ಹೋಗಿ ರಂಜನಾ ಎಂಬವರ ಮನೆಯಲ್ಲಿ ಕಸಮುಸುರೆ ಮಾಡುತ್ತಿದ್ದಳು. ರಂಜನಾ ಕಾಲೇಜಿನಲ್ಲಿ ಫ್ರೆಂಚ್ ಕಲಿಸಿ ನಿವೃತ್ತರಾದವರು, ಮನೆಯಲ್ಲೇ ಹುಡುಗಿಯರಿಗೆ ಪಾಠ ಹೇಳುತ್ತಿದ್ದರು. ಹೊಸಬರು ಸೇರಿದ ದಿನ ಪ್ರತಿಯೊಬ್ಬಳಿಗೂ ಒಂದು ಫ್ರೆಂಚ್ ಹೆಸರು ಕೊಡುವುದು ಅವರ ರೂಢಿ, ಪಾಠ ಮುಗಿಯುವ ತನಕ ಅವಳು ಆ ಹೆಸರಿಗೇ ಓಗೊಡಬೇಕು. ತಿಪ್ಪವ್ವ ನೆಲ ಒರೆಸುತ್ತ ಕೇಳುತ್ತಿದ್ದಳು. ಇಲ್ಲಿ ಸಂತೆಯಲ್ಲಿ ಬಳೆ ಆರಿಸಿದಂತೆ ಹೆಸರು ಆರಿಸಿ ಹಂಚುತ್ತಾರಲ್ಲ ಎಂದು ಅವಳಿಗೆ ಸೋಜಿಗ. ಒಂದು ದಿನ ಒಬ್ಬ ಹುಡುಗಿಗೆ ದೆಸಿರೆ ಎಂಬ ಹೆಸರು ಸಿಕ್ಕಿತು. ಪಾಠ ಮುಗಿದ ಮೇಲೆ ತಿಪ್ಪವ್ವ ಅದರ ಅರ್ಥ ಕೇಳಿದಳು. ರಂಜನಾ ಹಿಂದಿಯಲ್ಲಿ, “ಜಿಸೇ ಮಾಂಗ್ ಕೇ ಪಾಯಾ, ಐಸೀ ಬೇಟಿ”, ಬೇಡಿ ಪಡೆದ ಮಗಳು, ಎಂದರು. ಕೂತುಕೊಳ್ಳಲು ಹೇಳಿ ವಿವರಿಸಿದರು ಕೂಡ. ಮೂಲ ಲ್ಯಾಟಿನ್‌ನದು, ಹಿಂದಿನ ಕಾಲದ ಕ್ರೈಸ್ತರು ಬಹಳ ವರ್ಷ ಪ್ರಾರ್ಥನೆ ಮಾಡಿ, ಕಾದು ಕಾದು ಪಡೆದ ಮಗುವಿಗೆ ಇಂಥ ಹೆಸರಿಡುತ್ತಿದ್ದರು, ಅದೇ ಫ್ರೆಂಚರ ಬಾಯಲ್ಲಿ ನಯವಾಗಿ ದೆಸಿರೆ ಆಯಿತು ಎಂದು. ತಿಪ್ಪವ್ವ ಅದನ್ನು ಅಂಧೇರಿಯಿಂದ ಮಾಹಿಮ್ ತನಕ ಲೇಡೀಸ್ ಡಬ್ಬಿಯಲ್ಲಿ ನಿಂತು ಬಾಯಿಪಾಠ ಮಾಡಿಕೊಂಡು ಬಂದಳು.

ಪರೇಲ್‌ನ ಆಸ್ಪತ್ರೆಯಲ್ಲಿ ಹೆಣ್ಣು ಹುಟ್ಟಿತು. ಮನೆಗೆ ಬಂದ ದಿನವೇ ಅತ್ತೆ ಸೊಸೆಗೆ ಜಟಾಪಟಿ. ನೀನು ಉಳಿದದ್ದೇ ತಿಪ್ಪೆಯಿಂದ, ನಿನ್ನ ಮಗಳಿಗೆ ಅದು ಬೇಡವೇ ಎಂದು ನೀಲಾಬಾಯಿ. ನಾನು ಉಳಿದು ಪಟ್ಟದ್ದು ಸಾಕು, ನನ್ನ ಮಗಳನ್ನು ಕಸದಲ್ಲಿ ಇಡುವುದಿಲ್ಲ ಎಂದು ತಿಪ್ಪವ್ವ. ಗುರುಪಾದ ಇಬ್ಬರ ನಡುವೆ ಕೂತು ಚೀಲಕ್ಕೆ ಜಿಪ್ ಹೊಲಿದ. ಕೊನೆಗೆ ತಿಪ್ಪವ್ವನೇ ಗೆದ್ದಳು. ತೊಟ್ಟಿಲಿಗೆ ಹಾಕುವ ದಿನ ಪಕ್ಕದ ಮನೆಯ ಚಂಪಾ ಸೋದರತ್ತೆಯ ಜಾಗದಲ್ಲಿ ನಿಂತು, ಕೂಸಿನ ಕಿವಿಯಲ್ಲಿ ಕುರ್ರ್ ಎಂದು, ಕಲಿಸಿದ ಹೆಸರನ್ನು ಎಡವುತ್ತ ಹೇಳಿದಳು. ಹೆಸರಿಟ್ಟವಳ ಬೆನ್ನಿಗೆ ಹೆಂಗಸರೆಲ್ಲ ಸೇರಿ ಗುದ್ದುವುದು ಅಲ್ಲಿನ ಶಾಸ್ತ್ರ. ಹೆಸರು ವಿಚಿತ್ರವಾಗಿದ್ದುದಕ್ಕೆ ಚಂಪಾಗೆ ಗುದ್ದುಗಳೂ ಹೆಚ್ಚೇ ಬಿದ್ದವಂತೆ. ನೀಲಾಬಾಯಿ ಮಾತ್ರ ಮೂಲೆಯಲ್ಲಿ ಕೂತವಳು ಕೈ ಎತ್ತಲಿಲ್ಲವಂತೆ. ವಾರ ಕಳೆಯುವುದರೊಳಗೆ ಗಲ್ಲಿಯ ಬಾಯಲ್ಲಿ ಕೂಸು ದೆಸಿರವ್ವ ಆಗಿತ್ತು.

ನನ್ನ ತರಗತಿಯಲ್ಲಿ ಅವಳು ಹಾಡು ಹೇಳುವವಳು, ಲೆಕ್ಕದಲ್ಲಿ ಹಿಂದೆ, ಜಗಳದಲ್ಲಿ ಮುಂದೆ. ಕನ್ನಡ ಮಾತಾಡುತ್ತ ಆಡುತ್ತ ಹಿಂದಿಗೆ ಜಾರುವಳು. ಗುರುಪಾದ ಉಳಿದ ಚರ್ಮದ ತುಂಡುಗಳನ್ನು ಜೋಡಿಸಿ ಅವಳಿಗೆ ಶಾಲೆಗೆಂದು ಒಂದು ಪಾಟಿಚೀಲ ಹೊಲಿದು, ಮುಚ್ಚಳದ ಮೇಲೆ ಅವಳ ಹೆಸರನ್ನು ಅಚ್ಚೊತ್ತಿ ಕೊಟ್ಟಿದ್ದ. ಅದನ್ನು ಎಲ್ಲರಿಗೂ ತೋರಿಸಿ ಅರ್ಥ ಹೇಳದೆ ಅವಳು ಬಿಡುತ್ತಿರಲಿಲ್ಲ. ಚಂಪಾಳ ಮಗಳು ವೈಶಾಲಿ ನನ್ನ ಹಳೆಯ ವಿದ್ಯಾರ್ಥಿನಿ. ಅವಳೇ ದಿನಾ ಈ ಹುಡುಗಿಯ ಕೈಹಿಡಿದು ಶಾಲೆಗೆ ತಂದು ಬಿಡುತ್ತಿದ್ದಳು.

ಮೂರನೆಯ ತರಗತಿಯಲ್ಲಿದ್ದಾಗ ಮಳೆಗಾಲದಲ್ಲಿ ಡೆಂಗ್ಯೂ ಬಂತು. ಅದೇ ಪರೇಲ್‌ನ ಆಸ್ಪತ್ರೆಯಲ್ಲಿ ಡಾಕ್ಟರುಗಳು ಮಾಡುವುದನ್ನೆಲ್ಲ ಮಾಡಿದರು. ಮಗು ಉಳಿಯಲಿಲ್ಲ. ಹಾಜರಿ ಪುಸ್ತಕದಲ್ಲಿ ಆ ಒಂದು ಹೆಸರಿಗೆ ಗೆರೆ ಎಳೆಯದೆಯೇ ವರ್ಷ ಮುಗಿಸಿದೆ.

ಮಣ್ಣು ಮಾಡಿ ಬಂದ ದಿನ ನೀಲಾಬಾಯಿ ಗೋಡೆಗೆ ಒರಗಿ ಕೂತು, ಎಲ್ಲರೂ ಕೇಳುವಂತೆ ಒಂದು ಮಾತು ಆಡಿದಳು.

“ಬೇಕಾದಾಕಿ, ಬೇಕಾದಾಕಿ ಅಂತ ಊರ ತುಂಬ ಸಾರಿದಿ. ಸಾವಿಗೂ ಕೇಳ್ತು.”

ಅಂದಿನಿಂದ ಆ ಹೆಸರನ್ನು ತಿಪ್ಪವ್ವ ಬಾಯಲ್ಲಿ ತರಲಿಲ್ಲ. ನಮ್ಮ ಹುಡುಗಿ ಎನ್ನುವಳು, ಇಲ್ಲವೇ ಏನೂ ಅನ್ನದೆ ಕೈಯನ್ನು ಸೊಂಟದ ಎತ್ತರಕ್ಕೆ ಹಿಡಿದು ತೋರಿಸುವಳು. ರಂಜನಾರ ಮನೆಯಲ್ಲಿ ಯಾವುದಾದರೂ ಹುಡುಗಿಗೆ ಅದೇ ಹೆಸರು ಸಿಕ್ಕಿಬಿಟ್ಟರೆ ಎಂದು ಹೆದರಿ ಅಂಧೇರಿಯ ಕೆಲಸ ಬಿಟ್ಟಳು, ಪರೇಲ್‌ನ ಒಂದು ಆಫೀಸು ಬಿಲ್ಡಿಂಗಿನಲ್ಲಿ ಕಸ ಗುಡಿಸಲು ಸೇರಿದಳು. ಪಾಟಿಚೀಲವನ್ನು ಅಚ್ಚು ಕಾಣದಂತೆ ಗೋಡೆಗೆ ಮುಖಮಾಡಿ ತೂಗುಹಾಕಿದಳು. ಹೆಸರಿನಿಂದ ಯಾರೂ ಸಾಯುವುದಿಲ್ಲ, ಸೊಳ್ಳೆಯಿಂದ ಸಾಯುತ್ತಾರೆ ಎಂದು ನಾನು ಎಷ್ಟು ಸಲ ಗದರಿದೆನೋ. ಹೌದ್ರಿ ಅಕ್ಕೋರ ಎನ್ನುವಳು. ಆ ಹೌದಿನಲ್ಲಿ ಒಪ್ಪಿಗೆ ಇರುತ್ತಿರಲಿಲ್ಲ. ತಾನೇ ಮಗಳನ್ನು ಕೊಂದೆನೆಂದು ಅವಳು ತೀರ್ಮಾನಿಸಿ ಆಗಿತ್ತು.

ವರ್ಷಗಳು ಕಳೆದವು. ವೈಶಾಲಿಗೆ ಮದುವೆಯಾಗಿ, ಈ ವರ್ಷ ತವರಿನಲ್ಲಿ ಚೊಚ್ಚಲ ಹೆರಿಗೆಯಾಯಿತು. ಹೆಣ್ಣು. ಒಂದು ಮಧ್ಯಾಹ್ನ ಅವಳು ನನ್ನನ್ನು ಕರೆಸಿಕೊಂಡು, ಕೂಸನ್ನು ಎತ್ತಿಕೊಂಡು, ನನ್ನ ಜೊತೆ ತಿಪ್ಪವ್ವನ ಮನೆಗೆ ಬಂದಳು. ಒಬ್ಬಳೇ ಕೇಳಲು ಧೈರ್ಯವಿರಲಿಲ್ಲ. ತಿಪ್ಪವ್ವ ಬಾಗಿಲಲ್ಲಿ ಕೂತು ಪಾತ್ರೆ ತಿಕ್ಕುತ್ತಿದ್ದಳು. ನೀಲಾಬಾಯಿ ಒಳಗೆ ಮಂಚದ ಮೇಲೆ ಮಲಗಿದ್ದಳು, ಸೊಂಟ ಬಿದ್ದುಹೋಗಿತ್ತು. ವೈಶಾಲಿ ಕೂತು, ಮಗಳಿಗೆ ದೆಸಿರೆ ಎಂದು ಹೆಸರಿಡುತ್ತೇನೆ, ಗಂಡ ಒಪ್ಪಿದ್ದಾನೆ, ಅವನಿಗೆ ಅಕ್ಕತಂಗಿಯರಿಲ್ಲ, ನೀವೇ ಸೋದರತ್ತೆಯಾಗಿ ಕಿವಿಯಲ್ಲಿ ಹೇಳಬೇಕು ಎಂದು ಬೇಡಿಕೊಂಡಳು. ತಿಪ್ಪವ್ವನ ಕೈ ನಿಂತಿತು.

“ಆ ಹೆಸರ ಬ್ಯಾಡ, ವೈಶಾಲಿ. ಅದು ಮಕ್ಕಳನ್ನ ತಿಂತೈತಿ.”

ಬೇರೆ ಯಾವ ಹೆಸರಾದರೂ ಇಡು, ಬೇಕಾದರೆ ನನ್ನ ಹೆಸರನ್ನೇ ಇಡು, ಕೂಸು ಉಳಿಯುತ್ತದೆ ಎಂದಳು. ಅದನ್ನು ಕೇಳಿ ನನಗೆ ಸಿಟ್ಟು, ಸಂಕಟ ಎರಡೂ ಒಟ್ಟಿಗೆ ಬಂದವು. ನಾನು ಬಯ್ಯಲು ಬಾಯಿ ತೆರೆಯುವಷ್ಟರಲ್ಲಿ ಮಂಚದಿಂದ ನೀಲಾಬಾಯಿ ಮಾತಾಡಿದಳು.

“ಹೆಸರಿಂದಲ್ಲ, ತಿಪ್ಪವ್ವ. ನಾ ಆಕೀನ್ನ ಕಸದಾಗ ಇಟ್ಟಿದ್ದೆ.”

ಆಮೇಲೆ ಮುದುಕಿ ಸೂರು ನೋಡುತ್ತ ಎಲ್ಲವನ್ನೂ ಹೇಳಿದಳು. ಕೂಸು ಮನೆಗೆ ಬಂದ ಹೊಸತರಲ್ಲಿ, ತಿಪ್ಪವ್ವ ಬಾಣಂತಿ ನಿದ್ದೆಯಲ್ಲಿದ್ದ ಒಂದು ಮಧ್ಯಾಹ್ನ, ಊರಿನಿಂದ ತಂದ ಮೊರದಲ್ಲಿ ಕೂಸನ್ನು ಹಾಕಿಕೊಂಡು ಗಲ್ಲಿಯ ತುದಿಗೆ ಹೋಗಿದ್ದಳು. ಧಾರಾವಿಯಲ್ಲಿ ಸಗಣಿ ತಿಪ್ಪೆ ಎಲ್ಲಿಂದ ಬರಬೇಕು? ಭಂಗಾರದವರು, ಎಂದರೆ ಗುಜರಿಯವರು, ಒಡೆದ ಪ್ಲಾಸ್ಟಿಕ್ ಗುಡ್ಡೆ ಹಾಕುವ ಜಾಗದಲ್ಲೇ ಮೊರ ಇಟ್ಟಳು. ಮೊದಲೇ ಮಾತಾಡಿಕೊಂಡಿದ್ದ ಚಂಪಾ ಬಂದು ಎತ್ತಿಕೊಂಡಳು. ನೀಲಾಬಾಯಿ ಹಿಡಿ ಜೋಳ ಕೊಟ್ಟು ಮರಳಿ ಕೊಂಡು, ಕಿವಿಯಲ್ಲಿ ಕಸವ್ವ ಎಂದು ಹೆಸರು ಹೇಳಿ, ತಂದು ತಾಯಿಯ ಮಗ್ಗುಲಲ್ಲಿ ಮಲಗಿಸಿದಳು. ಆದರೆ ಎಸೆಯಬೇಕಾದವಳು ಹೆತ್ತ ತಾಯಿ. ಅಜ್ಜಿ ಎಸೆದದ್ದು ಕಳ್ಳತನವಾಯಿತು, ಮೋಸ ಗೊತ್ತಾಗಿ ಸಾವು ಬಂದು ಒಯ್ದಿತು ಎಂದು ಇಷ್ಟು ವರ್ಷ ನೀಲಾಬಾಯಿಯೂ ಒಳಗೊಳಗೇ ನಂಬಿಕೊಂಡಿದ್ದಳು. ಅಂದು ಸೊಸೆಯ ಮೇಲೆ ಹಾಕಿದ ಮಾತು ತನ್ನ ಹೆದರಿಕೆಯದು. ಆಡಿದ ಮೇಲೆ ಹಿಂದಕ್ಕೆ ತೆಗೆದುಕೊಳ್ಳಲು ಧೈರ್ಯ ಬರಲಿಲ್ಲ.

ನಾನು ವೈಶಾಲಿಯ ಕಡೆ ನೋಡಿದೆ, ಅವಳಿಗೂ ಇದು ಹೊಸದು. ಅತ್ತೆ ಸೊಸೆ ಇಬ್ಬರೂ, ಕೈಚಾಚಿದರೆ ಗೋಡೆ ಸಿಗುವಂಥ ಆ ಒಂದೇ ಕೋಣೆಯಲ್ಲಿ ಉಂಡು ಮಲಗಿ, ಮಗುವನ್ನು ಕೊಂದವಳು ನಾನು ಎಂದು ಬೇರೆಬೇರೆಯಾಗಿ ಅಂದುಕೊಂಡು ಬದುಕಿದ್ದರು. ತಿಪ್ಪವ್ವ ಕೂಗಾಡುತ್ತಾಳೆಂದು ನಾನು ಕಾದೆ. ಅವಳು ತಿಕ್ಕಿದ ತಟ್ಟೆಯನ್ನೇ ಮತ್ತೆ ತಿಕ್ಕಿದಳು.

“ಅಲ್ಲಿ ಇಟ್ಟಾಗ ಅತ್ತಳೇನ್ರಿ ಅತ್ತಿ?” ಎಂದು ಕೇಳಿದಳು.

“ಇಲ್ಲವ್ವ. ಮಲಗಿದ್ದಳು. ಸೀರಿ ಮಡಿಚಿ ಕೆಳಗ ಹಾಸಿದ್ದೆ, ಚುಚ್ಚಬಾರದಂತ.”

ತಿಪ್ಪವ್ವ ಕೈ ತೊಳೆದುಕೊಂಡು ಒಳಗೆ ಹೋಗಿ ಮಂಚದ ಕಾಲ ಬಳಿ ಕೂತಳು. ಅತ್ತೆಯ ಹೊದಿಕೆ ಸರಿಮಾಡುತ್ತ ಅಂದಳು.

“ಬ್ಯಾಡ ಅಂದ್ರೂ ಹೋದಳು, ಬೇಕು ಅಂದ್ರೂ ಹೋದಳು. ಹಂಗಾರ ಇಷ್ಟ ದಿನ ಬೇಕು ಅಂತನ ಕರೀಬೋದಿತ್ತಲ್ರಿ ಅತ್ತಿ.”

ನೀಲಾಬಾಯಿ ಬಾಯಿಗೆ ಸೆರಗು ಒತ್ತಿಕೊಂಡಳು. ನನಗೂ ಅಲ್ಲಿ ಕೂರಲಾಗಲಿಲ್ಲ, ವೈಶಾಲಿಯನ್ನು ಎಬ್ಬಿಸಿಕೊಂಡು ಹೊರಗೆ ಬಂದೆ.

ತೊಟ್ಟಿಲಿಗೆ ಹಾಕುವ ದಿನ ಚಂಪಾಳ ಮನೆಯಲ್ಲಿ ನಿಲ್ಲಲು ಜಾಗವಿರಲಿಲ್ಲ. ಮಕ್ಕಳನ್ನು ಕಳೆದುಕೊಂಡವಳ ಕೈಯಲ್ಲಿ ಹೆಸರಿಡಿಸುವುದೇ ಎಂದು ಒಂದಿಬ್ಬರು ಪಿಸುಗುಟ್ಟಿದರು. ನಾನು ಟೀಚರ್ ನೋಟ ಬೀರಿದೆ, ಸುಮ್ಮನಾದರು. ತಿಪ್ಪವ್ವ ಹಸಿರು ಸೀರೆ ಉಟ್ಟು ಬಂದಳು. ಗುರುಪಾದ ತಾಯಿಯನ್ನು ಎತ್ತಿಕೊಂಡು ಬಂದು ತೊಟ್ಟಿಲ ಪಕ್ಕ ಕೂರಿಸಿದ. ಅವನ ಹೆಗಲಲ್ಲಿ ಹಳೆಯ ಪಾಟಿಚೀಲವಿತ್ತು, ಹೆಸರಿನ ಅಚ್ಚು ಹೊರಮುಖವಾಗಿತ್ತು. ವೈಶಾಲಿಯ ಮಗಳಿಗೆ ಕೊಡಲು ತಂದಿದ್ದನಂತೆ.

ತಿಪ್ಪವ್ವ ತೊಟ್ಟಿಲಿಗೆ ಬಾಗಿ ಕುರ್ರ್ ಎಂದಳು. ಆಮೇಲೆ ಅಷ್ಟು ವರ್ಷಗಳಿಂದ ಬಾಯಲ್ಲಿ ತಾರದ ಹೆಸರನ್ನು ಹೇಳಿದಳು, ರಂಜನಾ ಕಲಿಸಿದಂತೆ, ಒಂದು ಅಕ್ಷರವೂ ಎಡವದೆ. ಕಿವಿಯಲ್ಲಿ ಹೇಳಬೇಕಾದದ್ದು ಬಾಗಿಲಲ್ಲಿ ನಿಂತವರಿಗೂ ಕೇಳಿಸಿತು. ಹೆಂಗಸರು ನಗುತ್ತ ಬೆನ್ನಿಗೆ ಗುದ್ದಿದರು. ಅವಳು ಬಾಗಿದವಳು ಏಳಲಿಲ್ಲ. ತೊಟ್ಟಿಲ ಅಂಚು ಹಿಡಿದು ಅಳುತ್ತಿದ್ದಳು. ಪೆಟ್ಟು ಜೋರಾಯಿತೇನೋ ಎಂದು ಎಲ್ಲರೂ ಕೈ ಹಿಂದಕ್ಕೆ ತೆಗೆದುಕೊಂಡರು. ನೀಲಾಬಾಯಿ ಮಾತ್ರ ಕೂತಲ್ಲಿಂದ ತೋಳು ಚಾಚಿ ಸೊಸೆಯ ಬೆನ್ನ ಮೇಲೆ ಮೆಲ್ಲಗೆ ಒಂದು ಗುದ್ದು ಕೊಟ್ಟಳು.

“ಇನ್ನೊಂದ ಹೊಡೀರಿ ಅತ್ತಿ,” ಎಂದಳು ತಿಪ್ಪವ್ವ, ತಲೆ ಎತ್ತದೆ. “ಅವತ್ತ ನೀವು ಹೊಡದಿರಲಿಲ್ಲ.”

ಮುದುಕಿ ಇನ್ನೊಂದು ಹೊಡೆದಳು. ಹೊಡೆದ ಕೈಯನ್ನು ಹಿಂದಕ್ಕೆ ತೆಗೆಯಲಿಲ್ಲ.