ಹೊಳೆಯ ತಳದ ಸಾಲಿ

ಕೊಣ್ಣೂರಿನ ಬಳಿ ಮಲಪ್ರಭೆಯಲ್ಲಿ ಹರಗೋಲು ನಡೆಸುತ್ತಿದ್ದ ಆ ಅಜ್ಜನಿಗೆ ಕೈಗಿಂತ ನಾಲಿಗೆಯೇ ಚುರುಕು. ಅವನ ಮಗಳನ್ನು ಹಿಂದೊಮ್ಮೆ ಇದೇ ಹೊಳೆ ನುಂಗಿತ್ತು. ಅದು ಊರಿಗೆಲ್ಲ ಗೊತ್ತು. ಅವನ ಪ್ರಕಾರ ಮಾತ್ರ ಅವಳು ಹೊಳೆಯ ತಳದಲ್ಲಿ ಮೀನುಗಳಿಗೆ ಶಾಲೆ ತೆರೆದಿದ್ದಳು.

"ನಿನ್ನಿ ಆಮಿ ಮತ್ತ ತಡಾ ಮಾಡಿ ಬಂತಂತ್ರಿ. ಕಿವಿ ಹಿಂಡೋಣಂದ್ರ ಕಿವೀನ ಸಿಗಲಿಲ್ಲಂತ," ಎಂದು ಶುರು ಮಾಡುವನು. ಸಂತೆಗೆ ಹೊರಟವರು ಬುಟ್ಟಿ ಮರೆತು ನಗುವರು. ಕಥೆ ರಂಗೇರುವಷ್ಟರಲ್ಲಿ, "ದಂಡಿ ಬಂತ. ಉಳಿದದ್ದು ನಾಳಿಗಿ, ಇಳೀರಿ," ಎಂದುಬಿಡುವನು. ಎಷ್ಟು ಗೋಗರೆದರೂ ದಂಡೆ ಮುಟ್ಟಿದ ಮೇಲೆ ಇನ್ನೊಂದು ಮಾತು ಹುಟ್ಟುತ್ತಿರಲಿಲ್ಲ.

ಐವತ್ತರ ದಶಕದ ಒಂದು ಚಳಿಗಾಲ. ಎಂಟು ತಿಂಗಳ ಮಗನನ್ನು ಜ್ವರಕ್ಕೆ ಕಳೆದುಕೊಂಡು, ತವರಿನಿಂದ ಗಂಡನ ಮನೆಗೆ ಹೊರಟ ನಾನು ಅವನ ಹರಗೋಲು ಹತ್ತಿದ್ದೆ. ಮಾತು ಬಿಟ್ಟು ತಿಂಗಳಾಗಿತ್ತು. ಅಜ್ಜ ನನ್ನ ಕಡೆ ನೋಡದೆಯೇ ಹೇಳಿದ:

"ಸಾಲಿಗೆ ಹೊಸಾ ಕೂಸು ಬಂದೈತಿ. ಒಂದೇ ಸಮ ಅಳತೈತಿ. ಹ್ಯಾಂಗ ರಮಿಸಬೇಕಂತ ಮಗಳು ಕೇಳಾಕತ್ಯಾಳ. ನನಗೇನ ತಿಳೀತೈತಿ, ಯವ್ವಾ?"

ಹರಗೋಲಿನಲ್ಲಿ ಯಾರೂ ನಗಲಿಲ್ಲ.

"ಎಡಗಿವಿ ಸವರಬೇಕ, ಅಜ್ಜಾ," ಎಂದೆ. "ಬಲಗಿವಿ ಮುಟ್ಟಿದ್ರ ಸಿಟ್ಟು ಬರತೈತಿ."

"ಹೌದೇನು? ಆಮ್ಯಾಲೆ?"

ಆಮೇಲಿನದನ್ನೂ ಹೇಳತೊಡಗಿದೆ. ನನ್ನ ಮಗ ಕಾಗೆಗೆ ಹೆದರುತ್ತಿದ್ದುದು, ಬೆಲ್ಲದ ಚೂರಿಗೆ ಕೈ ಚಾಚುತ್ತಿದ್ದುದು, ಎಲ್ಲ. ಅಷ್ಟರಲ್ಲಿ ದಂಡೆ ಬಂತು. ಅಜ್ಜ ಅದನ್ನು ಕಂಡೇ ಇಲ್ಲವೆಂಬಂತೆ ಹರಗೋಲನ್ನು ಮತ್ತೆ ನಡುನೀರಿಗೆ ತಿರುಗಿಸಿದ. ಸಂತೆಗೆ ಹೊತ್ತಾಗಿತ್ತು. ಇಳಿಸೆಂದು ಯಾರೂ ಕೇಳಲಿಲ್ಲ.